ಅಡಿಗೆಯವರಿಗೆ ಗೊತ್ತು, ಅತ್ತೆಗೆ ಗೊತ್ತಿಲ್ಲ

ಮಲೆನಾಡಿನಲ್ಲಿ ಒಂದು ಮದುವೆ ನಿಶ್ಚಯವಾದರೆ ಅದರ ದಿನ ಮೊದಲು ಯಾರಿಗೆ ಗೊತ್ತಾಗುತ್ತದೆ? ಪುರೋಹಿತರಿಗೆ. ಮರುದಿನ ಕಲ್ಯಾಣ ಮಂಟಪದ ಮ್ಯಾನೇಜರಿಗೆ. ಅದೇ ವಾರದಲ್ಲಿ ಅಡಿಗೆಯವರಿಗೆ, ವಾಲಗದವರಿಗೆ, ಶಾಮಿಯಾನದವರಿಗೆ, ಫೋಟೋದವರಿಗೆ. ಸಾಗರ, ಹೊಸನಗರ, ತೀರ್ಥಹಳ್ಳಿ ಮೂರೂ ತಾಲ್ಲೂಕುಗಳಲ್ಲಿ ವೈಶಾಖದ ಒಳ್ಳೆಯ ಮುಹೂರ್ತಕ್ಕೆ ಮಂಟಪ ಸಿಗಬೇಕಾದರೆ ಐದಾರು ತಿಂಗಳ ಮೊದಲೇ ಮುಂಗಡ ಕೊಟ್ಟಿರಬೇಕು ಎಂಬುದು ಮಗಳ ಮದುವೆ ಮಾಡಿದವರಿಗೆಲ್ಲ ಗೊತ್ತು. ಆದರೆ ಪುಣೆಯಲ್ಲಿರುವ ಹುಡುಗಿಯ ಸೋದರತ್ತೆಗೆ ಆ ದಿನ ಗೊತ್ತಾಗುವುದು ಕಾರ್ಡು ಪ್ರೆಸ್ಸಿನಿಂದ ಬಂದು, ಕುಲದೇವರ ಮುಂದಿಟ್ಟು, ಊರುಕೇರಿಯನ್ನೆಲ್ಲ ಕರೆದು ಮುಗಿಸಿದ ಮೇಲೆ; ಮದುವೆಗೆ ಇನ್ನು ಇಪ್ಪತ್ತು ದಿನ ಉಳಿದಿರುವಾಗ. ದುಡ್ಡು ಕೊಟ್ಟು ಬರಿಸಿಕೊಳ್ಳುವವರಿಗೆ ಆರು ತಿಂಗಳ ಮೊದಲೇ ಹೇಳುತ್ತೇವೆ. ದುಡ್ಡು ಖರ್ಚು ಮಾಡಿಕೊಂಡು ಬರಬೇಕಾದವರಿಗೆ ಮೂರು ವಾರ ಕೊಡುತ್ತೇವೆ.

ಈ ಕ್ರಮ ಬದಲಾಗಬೇಕು ಎಂಬುದು ನನ್ನ ವಾದ. ಮಂಟಪಕ್ಕೆ ಮುಂಗಡ ಕೊಟ್ಟ ದಿನವೇ ದೂರದ ನೆಂಟರಿಗೆ ಮದುವೆಯ ದಿನ ತಿಳಿಸಬೇಕು. ಕಾರ್ಡು ಯಾವಾಗ ಅಚ್ಚಾಗುತ್ತದೆ ಎಂಬುದಕ್ಕೂ ಇದಕ್ಕೂ ಗಂಟು ಹಾಕಬಾರದು.

ಹಳೆಯ ಕ್ರಮಕ್ಕೆ ಅದರದೇ ಆದ ನ್ಯಾಯ ಇತ್ತು, ಅದನ್ನು ಮೊದಲು ಒಪ್ಪಿಕೊಳ್ಳೋಣ. ಹೊಸನಗರ ಕಡೆಯ ಒಂದು ಮನೆಯ ಹಳೆಯ ಕರೆಯುವ ಪಟ್ಟಿಯನ್ನು ನಾನು ನೋಡಿದ್ದೇನೆ. ಉದ್ದನೆಯ ಲೆಕ್ಕದ ಪುಸ್ತಕ. ಮುಂದಿನಿಂದ ಅಡಿಕೆ ಮಂಡಿಯ ಲೆಕ್ಕ, ಹಿಂದಿನಿಂದ ಮದುವೆಯ ಪಟ್ಟಿ. ಹೆಸರುಗಳು ನೆಂಟಸ್ತಿಕೆಯ ಪ್ರಕಾರ ಇಲ್ಲ, ದಾರಿಯ ಪ್ರಕಾರ ಇವೆ: ರಿಪ್ಪನ್‌ಪೇಟೆ ದಾರಿ ಒಂದು ಪುಟ, ನಗರ–ನಿಟ್ಟೂರು ಒಂದು ಪುಟ, ಬಟ್ಟೆಮಲ್ಲಪ್ಪದ ಮೇಲೆ ಸಾಗರದವರೆಗೆ ಇನ್ನೊಂದು, ಕೋಣಂದೂರು–ಆರಗದ್ದು ಮತ್ತೊಂದು. ಕೆಲವು ಹೆಸರುಗಳ ಪಕ್ಕ ಪೆನ್ಸಿಲಿನಲ್ಲಿ ‘ಊಟ’ ಎಂದಿದೆ. ಅಂದರೆ ಆ ದಿನದ ಸುತ್ತಾಟದಲ್ಲಿ ಮಧ್ಯಾಹ್ನದ ಊಟ ಆ ಮನೆಯಲ್ಲಿ. ಕೊನೆಯ ಪುಟದ ತಲೆಯಲ್ಲಿ ‘ಅಂಚೆ’ ಎಂದು ಬರೆದು ಕೆಳಗೆ ನಾಲ್ಕಾರು ಹೆಸರು: ಶಿವಮೊಗ್ಗ, ಭದ್ರಾವತಿಯ ಕಾರ್ಖಾನೆ, ಬೆಂಗಳೂರು, ಬೊಂಬಾಯಿ. ಅಷ್ಟೇ.

ಆ ಪಟ್ಟಿಯ ಕಾಲಕ್ಕೆ ಮೂರು ವಾರ ಧಾರಾಳವಾಯಿತು. ಕರೆಯಬೇಕಾದವರಲ್ಲಿ ನೂರಕ್ಕೆ ತೊಂಬತ್ತು ಮಂದಿ ಒಂದು ಬಸ್ಸಿನ ಹಾದಿಯಲ್ಲಿದ್ದರು. ಮನೆಗೆ ಹೋಗಿ, ಜಗುಲಿಯಲ್ಲಿ ಕೂತು, ಬೆಲ್ಲ ನೀರು ಕುಡಿದು, ಮಂತ್ರಾಕ್ಷತೆ ಕೊಟ್ಟೋ ಕುಂಕುಮ ಇಟ್ಟೋ ಕರೆದರೆ ಮಾತ್ರ ಕರೆದ ಲೆಕ್ಕ. ತೀರಾ ಮೊದಲೇ ಕರೆದರೆ ಮರೆತುಹೋಗುತ್ತದೆ, ತೀರಾ ತಡವಾದರೆ ಕಾಟಾಚಾರಕ್ಕೆ ಕರೆದಂತಾಗುತ್ತದೆ. ಮೂರು ವಾರ ಎಂಬ ಅಳತೆ ಬಂದದ್ದು ನೆನಪಿನ ಲೆಕ್ಕದಿಂದಲೇ ಹೊರತು ಪ್ರಯಾಣದ ಲೆಕ್ಕದಿಂದ ಅಲ್ಲ. ಅತಿಥಿ ಎಂದರೆ ಅಡಿಕೆ ತೋಟಕ್ಕೆ ಒಬ್ಬ ಆಳು ಬಿಟ್ಟು, ಹಟ್ಟಿಯ ಹಾಲು ಕರೆಯುವುದಕ್ಕೆ ಪಕ್ಕದ ಮನೆಯವರಿಗೆ ಹೇಳಿ ಹೊರಟುಬಿಡಬಲ್ಲವನು.

ಇಂದು ಅದೇ ಮನೆ ಹೊಸ ಪಟ್ಟಿ ಮಾಡಿದರೆ ‘ಅಂಚೆ’ಯ ಪುಟವೇ ಉದ್ದ. ತೀರ್ಥಹಳ್ಳಿ ಸೀಮೆಯ ಎಷ್ಟೋ ಊರುಗಳಲ್ಲಿ ಮನೆಗಿಬ್ಬರೇ ಇದ್ದಾರೆ, ಇಬ್ಬರೂ ಎಪ್ಪತ್ತರ ಮೇಲಿನವರು. ಮಕ್ಕಳು ಬೆಂಗಳೂರು, ಮೈಸೂರು, ಹೈದರಾಬಾದು. ಮೊಮ್ಮಕ್ಕಳು ಟೆಕ್ಸಾಸ್, ಮೆಲ್ಬರ್ನ್. ದಾರಿ ಪ್ರಕಾರ ಕರೆಯುವ ಪುಟಗಳಲ್ಲಿ ಹೆಸರಿರುವವರು ಮನೆಯಲ್ಲಿದ್ದಾರೆ, ಆದರೆ ಮದುವೆಗೆ ಬರಲು ಅವರಿಗೆ ಕಾರು ಓಡಿಸುವವರು ಬೇಕು. ಆ ಕಾರು ಓಡಿಸುವವನು ಬೆಂಗಳೂರಿನಿಂದ ಬರಬೇಕು. ಅವನಿಗೆ ದಿನ ಗೊತ್ತಿಲ್ಲದಿದ್ದರೆ ನಾಲ್ಕು ಹೆಜ್ಜೆ ದೂರದ ದೊಡ್ಡಪ್ಪನೂ ಬರುವುದಿಲ್ಲ. ಹತ್ತಿರದವರ ಬರವು ದೂರದವರ ರಜೆಯ ಮೇಲೆ ನಿಂತಿದೆ ಎಂಬ ಈ ಹೊಸ ಸ್ಥಿತಿಯನ್ನು ನಮ್ಮ ಕರೆಯುವ ಪದ್ಧತಿ ಇನ್ನೂ ಗಮನಿಸಿಲ್ಲ.

ಮದುವೆಗೆ ಬರುವ ನೆಂಟ ಊಟಕ್ಕೆ ಮಾತ್ರ ಬರುವವನಾಗಿದ್ದರೆ ಇಷ್ಟು ವಾದ ಬೇಕಿರಲಿಲ್ಲ. ಮಲೆನಾಡಿನ ಮದುವೆ ನಿಂತದ್ದೇ ಮುಯ್ಯಾಳಿನ ಮೇಲೆ. ಚಪ್ಪರ ಹಾಕುವುದು, ತೆಂಗಿನಕಾಯಿ ತುರಿಯುವುದು, ಎಲೆ ಒರೆಸಿಡುವುದು, ಪಂಕ್ತಿಯಲ್ಲಿ ಬಡಿಸುವುದು ಎಲ್ಲ ಅಕ್ಕತಂಗಿಯರ ಮಕ್ಕಳ, ನೆರೆಹೊರೆಯವರ ಕೆಲಸ. ಈಗ ಹೆಚ್ಚಿನದಕ್ಕೆ ಕಾಂಟ್ರ್ಯಾಕ್ಟ್ ಬಂದಿದೆ, ಬರಲಿ. ಕಾಂಟ್ರ್ಯಾಕ್ಟಿಗೆ ಸಿಗದ ಕೆಲಸಗಳೂ ಇವೆ. ಸಾಗರ ಸೀಮೆಯ ದೀವರ ಮನೆಗಳಲ್ಲಿ ಮದುವೆ ಎಂದರೆ ಹಸೆಗೋಡೆಯ ಮೇಲೆ ಚಿತ್ತಾರ ಬರೆಯಬೇಕು. ಕೆಮ್ಮಣ್ಣು ಬಳಿದ ಗೋಡೆ, ಅಕ್ಕಿ ನೆನೆಸಿ ಅರೆದ ಬಿಳಿ, ಅಕ್ಕಿಯನ್ನೇ ಕಪ್ಪಾಗಿ ಹುರಿದು ಅರೆದ ಕಪ್ಪು, ಗುರಿಗೆ ಕಾಯಿಯ ಹಳದಿ, ಪುಂಡಿ ನಾರಿನ ಕುಂಚ. ಗೆರೆ ಅಡ್ಡಾದಿಡ್ಡಿಯಾಗದಂತೆ ಎಳೆಯಲು ಬಲ್ಲ ಹೆಂಗಸು ಒಂದು ಬಳಗದಲ್ಲಿ ಒಬ್ಬಳೋ ಇಬ್ಬರೋ. ಆಕೆ ಮಗಳ ಬಾಣಂತನಕ್ಕೆ ಬೆಂಗಳೂರಿಗೆ ಹೋಗಿ ಕೂತಿದ್ದರೆ ಮದುವೆಯ ಹಿಂದಿನ ದಿನ ಬಂದು ಏನು ಪ್ರಯೋಜನ? ನಾಲ್ಕಾರು ದಿನ ಮೊದಲು ಬಂದಿರಬೇಕು. ಹಾಗೆ ಬರಬೇಕಾದರೆ ಬಾಣಂತಿಯ ಮನೆಯಲ್ಲಿ ಬೇರೆ ಏರ್ಪಾಡು ಆಗಿರಬೇಕು. ಸೋಬಾನೆ ಹೇಳುವ ಅಜ್ಜಿಯ ವಿಷಯವೂ ಇದೇ. ಇಂಥವರು ಬರಲಾಗದಿದ್ದಾಗ ಫ್ಲೆಕ್ಸ್ ಬೋರ್ಡು, ಸ್ಪೀಕರು ಬರುತ್ತವೆ. ಸಂಪ್ರದಾಯ ಹೋಯಿತು ಎಂದು ಆಮೇಲೆ ನಾವೇ ಕೊರಗುತ್ತೇವೆ.

ಇನ್ನು ಪ್ರಯಾಣದ ಲೆಕ್ಕ. ಮೂರು ತಾಲ್ಲೂಕುಗಳಲ್ಲಿ ರೈಲು ಪೇಟೆಯವರೆಗೆ ಬರುವುದು ಸಾಗರಕ್ಕೆ ಮಾತ್ರ. ಆನಂದಪುರ, ಸಾಗರ ಜಂಬಗಾರು, ತಾಳಗುಪ್ಪದ ನಿಲ್ದಾಣಗಳಲ್ಲಿ ಇಳಿದವರು ಬಸ್ಸೋ ಕಾರೋ ಹಿಡಿಯಬೇಕು. ತೀರ್ಥಹಳ್ಳಿ, ಹೊಸನಗರದವರಿಗೆ ಶಿವಮೊಗ್ಗವೇ ಕೊನೆಯ ದೊಡ್ಡ ನಿಲ್ದಾಣ. ಬೆಂಗಳೂರಿನಿಂದ ತಾಳಗುಪ್ಪಕ್ಕೆ ಬರುವ ರಾತ್ರಿ ರೈಲು ಬೇಸಿಗೆ ರಜೆಯಲ್ಲಿ ಹೇಗಿರುತ್ತದೆ ಎಂದು ಬಿಡಿಸಿ ಹೇಳಬೇಕಿಲ್ಲ. ಮೊದಲು 120 ದಿನ ಮುಂಚೆ ಟಿಕೆಟ್ ಕಾಯ್ದಿರಿಸಬಹುದಿತ್ತು; 2024ರ ನವೆಂಬರ್ 1ರಿಂದ ರೈಲ್ವೆಯವರು ಅದನ್ನು 60 ದಿನಕ್ಕೆ ಇಳಿಸಿದ್ದಾರೆ. ಒಂದು ಉದಾಹರಣೆ ಹಿಡಿಯೋಣ. 2026ರ ಮೇ 3 ಭಾನುವಾರ. ಅಂದಿನ ಮದುವೆಗೆ ಮೇ 1ರ ಶುಕ್ರವಾರ ರಾತ್ರಿ ಹೊರಡುವವನಿಗೆ ಬುಕಿಂಗ್ ತೆರೆಯುವುದು ಮಾರ್ಚ್ 2ರ ಬೆಳಿಗ್ಗೆ 8ಕ್ಕೆ. ಮೇ 1 ಕಾರ್ಮಿಕರ ದಿನದ ರಜೆ, ಹಿಂದೆಯೇ ಶನಿವಾರ, ಭಾನುವಾರ. ಜೋಗಕ್ಕೂ ಕೊಡಚಾದ್ರಿಗೂ ಸಿಗಂದೂರಿಗೂ ಹೊರಟವರು ಆ ಬೆಳಿಗ್ಗೆಯೇ ಸೀಟು ಹಿಡಿದಿರುತ್ತಾರೆ. ನಮ್ಮ ಕಾರ್ಡು ಅಚ್ಚಾಗುವುದು ಏಪ್ರಿಲ್ ಮೊದಲ ವಾರದಲ್ಲಿ. ಅಷ್ಟರಲ್ಲಿ ವೇಟಿಂಗ್ ಲಿಸ್ಟ್ ಬಂದಿರುತ್ತದೆ. ಆಮೇಲೆ ಉಳಿಯುವುದು ತತ್ಕಾಲ್, ಇಲ್ಲವೇ ರಜೆಯ ವಾರಾಂತ್ಯಕ್ಕೆ ದರ ಏರಿಸಿಕೊಂಡು ನಿಂತ ಖಾಸಗಿ ಬಸ್ಸು.

ಶಿವಮೊಗ್ಗದ ಸೋಗಾನೆಯಲ್ಲಿ 2023ರ ಫೆಬ್ರುವರಿ 27ರಂದು ಕುವೆಂಪು ಹೆಸರಿನ ವಿಮಾನ ನಿಲ್ದಾಣ ಉದ್ಘಾಟನೆಯಾಗಿ, ಅದೇ ಆಗಸ್ಟ್ ಕೊನೆಗೆ ವಿಮಾನ ಹಾರಿತು. ಈಗೇನು ವಿಮಾನದಲ್ಲಿ ಬರಬಹುದಲ್ಲ ಎನ್ನುವವರಿದ್ದಾರೆ. ಬರಬಹುದು, ಎರಡು ತಿಂಗಳ ಮೊದಲು ಟಿಕೆಟ್ ತೆಗೆದರೆ. ಹತ್ತು ದಿನ ಇರುವಾಗ ತೆಗೆದರೆ ನಾಲ್ಕು ಜನರ ಸಂಸಾರಕ್ಕೆ ಆಗುವ ಖರ್ಚಿನಲ್ಲಿ ವಧುವಿಗೆ ಒಂದು ಒಳ್ಳೆಯ ರೇಷ್ಮೆ ಸೀರೆ ಬರುತ್ತದೆ. ಕರಾವಳಿಯಿಂದ ಬರುವವರಿಗೆ ಆಗುಂಬೆ ಘಾಟಿಯೋ ಹುಲಿಕಲ್ ಘಾಟಿಯೋ ಇದೆ. ಜೂನ್ ದಾಟಿದರೆ ಎರಡನ್ನೂ ನಂಬಿ ಹೊರಡುವಂತಿಲ್ಲ, ಗುಡ್ಡ ಕುಸಿದರೆ ಸುತ್ತಿ ಬರಬೇಕು.

ವಿದೇಶದಲ್ಲಿರುವವರ ಲೆಕ್ಕವೇ ಬೇರೆ. ಅವರು ಕೇಳಬೇಕಾದದ್ದು ಕಂಪನಿಯ ರಜೆ ಮಾತ್ರ ಅಲ್ಲ, ಮಕ್ಕಳ ಶಾಲೆ, ಎರಡು ವರ್ಷಕ್ಕೊಮ್ಮೆ ಊರಿಗೆ ಬರುವ ಸರದಿ, ಎಲ್ಲಕ್ಕಿಂತ ಮೇಲೆ ವೀಸಾ. ಅಮೆರಿಕದಲ್ಲಿ ಕೆಲಸದ ವೀಸಾದಲ್ಲಿರುವವರು ಊರಿಗೆ ಬಂದರೆ ಸ್ಟಾಂಪಿಂಗ್ ಮಾಡಿಸಿಕೊಂಡೇ ವಾಪಸಾಗಬೇಕಾದ ಸಂದರ್ಭ ಬಹಳ. 2025ರ ಡಿಸೆಂಬರ್‌ನಲ್ಲಿ ಹಾಗೆ ಬಂದ ಎಷ್ಟೋ ಮಂದಿಯ ವೀಸಾ ಸಂದರ್ಶನ ತಿಂಗಳುಗಟ್ಟಲೆ ಮುಂದಕ್ಕೆ ಹೋಗಿ, ಅವರು ಇಲ್ಲೇ ಸಿಕ್ಕಿಕೊಂಡರು. ತಮ್ಮನ ಮದುವೆಗೆ ಬಂದು ಕೆಲಸ ಕಳೆದುಕೊಳ್ಳುವ ಭಯ ಇರುವವನಿಗೆ ಮೂರು ವಾರ ಮೊದಲು ಹೇಳುವುದೂ ಒಂದೇ, ಹೇಳದೇ ಇರುವುದೂ ಒಂದೇ.

ಇಷ್ಟು ಹೇಳಿದಾಗ ಹಿರಿಯರಿಂದ ಬರುವ ಮೊದಲ ಉತ್ತರ: “ಮುಹೂರ್ತ ಸಿಗದೆ ಎಂತ ಹೇಳದು?” ಈ ಮಾತನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಗ್ರಹಗತಿ ಪಂಚಾಂಗದವರಿಗೆ ಹಠಾತ್ತನೆ ಹೊಳೆಯುವ ವಿಷಯ ಅಲ್ಲ. ಅಧಿಕ ಮಾಸ ಯಾವಾಗ, ಗುರು ಶುಕ್ರರ ಅಸ್ತ ಯಾವಾಗ ಎಂಬುದನ್ನು ವರ್ಷಗಟ್ಟಲೆ ಮುಂಚೆ ಲೆಕ್ಕ ಹಾಕಬಹುದು. ಬಗ್ಗೋಣ ಪಂಚಾಂಗವೋ ಒಂಟಿಕೊಪ್ಪಲ್ ಪಂಚಾಂಗವೋ ಕೈಗೆ ಬರುವುದು ಯುಗಾದಿಯ ಹೊತ್ತಿಗೆ ಇರಬಹುದು, ಆದರೆ ಬಲ್ಲ ಪುರೋಹಿತರು ಮುಂದಿನ ವೈಶಾಖದ ಲಗ್ನವನ್ನು ಕಾರ್ತಿಕದಲ್ಲೇ ನೋಡಿ ಕೊಡುತ್ತಾರೆ. ಕೊಡುವುದರಿಂದಲೇ ಮಂಟಪದ ಡೈರಿ ತುಂಬುವುದು.

ವಾಸ್ತವದಲ್ಲಿ ಪಂಚಾಂಗದ ಬಿಗಿಯೇ ಬೇಗ ತಿಳಿಸಬೇಕೆಂಬುದಕ್ಕೆ ದೊಡ್ಡ ಕಾರಣ. 2024ರ ಮೇ ತಿಂಗಳಲ್ಲಿ ಗುರುವೂ ಅಸ್ತ, ಶುಕ್ರನೂ ಅಸ್ತ. ಶುಕ್ರನ ಅಸ್ತ ಜೂನ್ ಇಡೀ ಮುಂದುವರಿಯಿತು. ಅಸ್ತ ನೋಡುವ ಮನೆಗಳಲ್ಲಿ ಆ ಎರಡು ತಿಂಗಳು ಮದುವೆಯೇ ಇಲ್ಲ. 2026ರ ಜನವರಿಯಲ್ಲೂ ಶುಕ್ರಾಸ್ತ. ಮೇ 17ರಿಂದ ಜೂನ್ 15ರವರೆಗೆ ಅಧಿಕ ಜ್ಯೇಷ್ಠ. ನಿಜ ಜ್ಯೇಷ್ಠ ಬರುವಷ್ಟರಲ್ಲಿ ಮಲೆನಾಡಿಗೆ ಮಳೆ ಹಿಡಿದಿರುತ್ತದೆ, ಅದರ ಬೆನ್ನಿಗೆ ಆಷಾಢ. ನವೆಂಬರಿನಿಂದ ಫೆಬ್ರುವರಿವರೆಗೆ ಕೊನೆ ಕೊಯ್ಲು, ಸುಲಿಯುವುದು, ಬೇಯಿಸುವುದು, ಒಣಗಿಸುವುದು. ಮನೆ ಮುಂದಿನ ಚಪ್ಪರದಲ್ಲಿ ಅಡಿಕೆ ಹರಡಿರುವಾಗ ಮದುವೆ ಎಲ್ಲಿ ಮಾಡುತ್ತೀರಿ? ಅಡಿಕೆ ಮಾರಿ ಕೈಗೆ ಕಾಸು ಬಂದು, ಮಕ್ಕಳಿಗೆ ಪರೀಕ್ಷೆ ಮುಗಿದು, ಮಳೆಗಾಲದ ಮುಂಚಿನ ಕೊಳೆ ಔಷಧಿ ಹೊಡೆಯುವ ಗಡಿಬಿಡಿ ಶುರುವಾಗುವ ಮುನ್ನ ಸಿಗುವ ಎಂಟು ಹತ್ತು ವಾರಗಳೊಳಗೆ ಮೂರು ತಾಲ್ಲೂಕಿನ ಮದುವೆಗಳೆಲ್ಲ ನುಗ್ಗಬೇಕು. ಒಂದೇ ದಿನ ನಾಲ್ಕು ಕರೆ ಬಂದ ಊರಿನವನು ಒಂದು ಕಡೆ ಮುಯ್ಯಿ ಹಾಕಿ, ಇನ್ನೊಂದು ಕಡೆ ಮುಖ ತೋರಿಸಿ, ಮೂರನೆಯದರಲ್ಲಿ ಉಂಡು, ನಾಲ್ಕನೆಯದಕ್ಕೆ ಮಗನನ್ನು ಕಳಿಸಿ ಸುಧಾರಿಸುತ್ತಾನೆ. ಹೈದರಾಬಾದಿನಿಂದ ಬರುವವನಿಗೆ ಈ ಉಪಾಯ ಇಲ್ಲ. ಅವನು ಒಂದನ್ನು ಆರಿಸಬೇಕು, ಮೊದಲು ದಿನ ಹೇಳಿದವರನ್ನೇ ಆರಿಸುತ್ತಾನೆ. ಅಷ್ಟೇ ಅಲ್ಲ, ಅಕ್ಕನ ಮಗಳ ಮದುವೆ ತೀರ್ಥಹಳ್ಳಿಯಲ್ಲಿ, ತಂಗಿಯ ಮಗನ ಮದುವೆ ಸಾಗರದಲ್ಲಿ ಒಂದೇ ದಿನಕ್ಕೆ ಬಿದ್ದು ಇಡೀ ಬಳಗ ಎರಡು ಹೋಳಾಗುವುದನ್ನು ಪ್ರತಿ ವರ್ಷ ನೋಡುತ್ತೇವೆ. ಮುಂಗಡ ಕೊಟ್ಟ ದಿನ ಬಳಗಕ್ಕೆ ಒಂದು ಮಾತು ಹಾಕಿದ್ದರೆ ಎರಡನೆಯವರು ಬೇರೆ ಲಗ್ನ ನೋಡುತ್ತಿದ್ದರು.

ದಿನವನ್ನು ಬಹಳ ಮೊದಲೇ ಹೇಳುವುದು ನಮ್ಮ ಸೀಮೆಗೆ ಹೊರಗಿನಿಂದ ಬಂದ ಸೊಕ್ಕು ಎಂದು ಭಾವಿಸಬೇಕಿಲ್ಲ. ಸಾಗರದ ಮಾರಿಕಾಂಬಾ ಜಾತ್ರೆ ಮೂರು ವರ್ಷಕ್ಕೊಮ್ಮೆ. ದಿನ ಗೊತ್ತಾದ ಕೂಡಲೇ ಎಲ್ಲೆಲ್ಲೋ ಇರುವ ಸಾಗರದವರು ರಜೆ ಹಾಕುತ್ತಾರೆ. ತೀರ್ಥಹಳ್ಳಿಯ ಎಳ್ಳಮಾವಾಸ್ಯೆ, ಸಿಗಂದೂರಿನ ಸಂಕ್ರಾಂತಿ ಯಾರೂ ಕಾರ್ಡು ಹಂಚದೆಯೇ ಜನರನ್ನು ಕರೆಸುತ್ತವೆ. ಹೆಗ್ಗೋಡಿನ ನೀನಾಸಂ ಅಕ್ಟೋಬರಿನ ಸಂಸ್ಕೃತಿ ಶಿಬಿರಕ್ಕೆ ತಿಂಗಳುಗಳ ಮೊದಲೇ ದಿನ ಪ್ರಕಟಿಸುತ್ತದೆ. ಮಂದಾರ್ತಿ ಮೇಳದ ಹರಕೆ ಯಕ್ಷಗಾನ ಆಟದ ಮಾತಂತೂ ಕೇಳಬೇಡಿ. ಆಟ ಆಡಿಸಲು ಹೆಸರು ಬರೆಸಿ ವರ್ಷಗಟ್ಟಲೆ ಕಾಯುವ ಭಕ್ತರು ಘಟ್ಟದ ಮೇಲೂ ಬೇಕಾದಷ್ಟಿದ್ದಾರೆ. ಆಗೆಲ್ಲ “ಅಲ್ಲಿಯವರೆಗೆ ಏನಾಗುತ್ತೋ” ಎಂಬ ಮಾತು ಬರುವುದಿಲ್ಲ. ಮದುವೆಗೆ ಮಾತ್ರ ಬರುತ್ತದೆ.

ಯಾಕೆ ಬರುತ್ತದೆ ಎಂಬುದನ್ನು ಹಗುರವಾಗಿ ತಳ್ಳಿಹಾಕಲಾರೆ. ಮದುವೆ ಮುರಿದುಬೀಳಬಹುದು. ಕಣ್ಣು ತಾಗಬಹುದು ಎಂಬ ಅಳುಕು ಓದಿದವರಲ್ಲೂ ಇದೆ. ಮನೆಯಲ್ಲಿ ಹಾಸಿಗೆ ಹಿಡಿದ ಅಜ್ಜ ಇದ್ದರೆ ಸೂತಕದ ಭಯ, ಅದನ್ನು ಬಾಯಿಬಿಟ್ಟು ಹೇಳುವಂತೆಯೂ ಇಲ್ಲ. ಇದರ ಜೊತೆಗೆ ನಮ್ಮ ಕೈಯಲ್ಲಿಲ್ಲದ ಸಂಗತಿಗಳು. 2020ರ ಮಾರ್ಚ್ 25ರಂದು ದೇಶವೇ ಬಾಗಿಲು ಹಾಕಿದಾಗ ಆ ಬೇಸಿಗೆಯ ಮದುವೆಗಳೆಲ್ಲ ಚೆದುರಿದವು. 2024ರಲ್ಲಿ ಶಿವಮೊಗ್ಗ ಕ್ಷೇತ್ರದ ಮತದಾನ ಮೇ 7ರಂದು ಎಂದು ಗೊತ್ತಾದದ್ದು ಮಾರ್ಚ್ 16ಕ್ಕೆ. ಆ ದಿನಗಳಿಗೆ ಬಸ್ಸು ಗೊತ್ತು ಮಾಡಿದವರಿಗೆ ಬಸ್ಸೇ ಇಲ್ಲ.

ಈ ಅಳುಕಿಗೆ ನನ್ನ ಉತ್ತರ ಎರಡು. ಒಂದು, ಮದುವೆ ನಿಂತರೆ ಏನು ಗತಿ ಎಂಬ ಭಯ ಮಂಟಪದವರಿಗೆ ಹಣ ಎಣಿಸಿಕೊಡುವಾಗ ಇರಲಿಲ್ಲ, ಅತ್ತೆಗೆ ಫೋನ್ ಮಾಡುವಾಗ ಮಾತ್ರ ಬಂದರೆ ಅದು ಭಯ ಅಲ್ಲ, ನೆಪ. ಎರಡು, ಎರಡೂ ಬದಿಯ ನಷ್ಟವನ್ನು ತೂಗಿ ನೋಡಿ. ಬೇಗ ಹೇಳಿ ದಿನ ಬದಲಾದರೆ ದೂರದವರಿಗೆ ಹೋಗುವುದು ಟಿಕೆಟ್ ರದ್ದು ಮಾಡಿದ ಶುಲ್ಕ. ತಡವಾಗಿ ಹೇಳಿದರೆ ಹೋಗುವುದು ಮದುವೆಯೇ. ಲಾಕ್‌ಡೌನಿನಲ್ಲಿ ದಿನ ಮುಂದೆ ಹಾಕಿದ ಮನೆಯವರು ಒಂದು ಸಂಜೆ ಕೂತು ಎಲ್ಲರಿಗೂ ಫೋನ್ ಮಾಡಿ ಹೇಳಿದರು. ಕೇಳಿದವರು ಮರ್ಯಾದೆ ಹೋಯಿತೆಂದು ನಗಲಿಲ್ಲ. ಆರು ತಿಂಗಳ ಹಿಂದೆ ಹೇಳಿದ ದಿನ ಬದಲಾಗಬಹುದು ಎಂಬುದು ಈಗ ಎಲ್ಲರಿಗೂ ಅರ್ಥವಾಗುವ ಮಾತು. ಸಂಬಂಧ ಇನ್ನೂ ತೂಗುಯ್ಯಾಲೆಯಲ್ಲಿದ್ದರೆ ಹೇಳಬೇಡಿ, ನಿಜ. ಆದರೆ ಅಂಥ ಸಂಬಂಧಕ್ಕೆ ಮುಂಗಡವನ್ನೂ ಕೊಡಬೇಡಿ.

ಒಂದು ಮಾತು ಇಲ್ಲಿ ನೆನಪಾಗುತ್ತದೆ. 1954ರ ವಿಶೇಷ ವಿವಾಹ ಕಾಯ್ದೆಯ ಪ್ರಕಾರ ಮದುವೆಯಾಗುವವರು ನೋಟಿಸು ಕೊಟ್ಟು 30 ದಿನ ಕಾಯಬೇಕು, ಯಾರಾದರೂ ಆಕ್ಷೇಪ ಎತ್ತುವುದಿದ್ದರೆ ಎತ್ತಲಿ ಎಂದು. ಆಕ್ಷೇಪಿಸುವ ಅಪರಿಚಿತನಿಗೆ ಸರ್ಕಾರ ಒಂದು ತಿಂಗಳು ಕೊಡುತ್ತದೆ. ಹರಸುವ ನೆಂಟನಿಗೆ ನಾವು ಅಷ್ಟೂ ಕೊಡುವುದಿಲ್ಲ.

ಬೇಗ ತಿಳಿಸುವುದರ ನಿಜವಾದ ತೊಡಕು ಸೂತಕ ಅಲ್ಲ, ಮುನಿಸು. “ಅಮೆರಿಕದವರಿಗೆ ನವೆಂಬರಲ್ಲೇ ಗೊತ್ತಿತ್ತಂತೆ, ನಮಗೆ ಏಪ್ರಿಲ್‌ನಲ್ಲಿ ಕಾರ್ಡು” ಎಂದು ಪಕ್ಕದ ಊರಿನ ಚಿಕ್ಕಪ್ಪ ಮುಖ ಊದಿಸಿಕೊಂಡರೆ ಏನು ಮಾಡುವುದು? ಇದು ಸಣ್ಣ ವಿಷಯ ಅಲ್ಲ. ಹಳ್ಳಿಯಲ್ಲಿ ಕರೆಯುವ ಕ್ರಮ ಎಂದರೆ ಹಿರಿತನದ ಕ್ರಮ, ಅದನ್ನು ತಪ್ಪಿಸಿದರೆ ಊಟದ ದಿನ ಖಾಲಿ ಎಲೆಗಳು ಲೆಕ್ಕ ಹೇಳುತ್ತವೆ. ಅದಕ್ಕೇ ನಾನು ದಿನ ತಿಳಿಸುವುದನ್ನು ಕರೆಯುವುದರ ಜಾಗದಲ್ಲಿ ಇಡಿ ಎನ್ನುತ್ತಿಲ್ಲ. ಲಗ್ನಪತ್ರಿಕೆ, ಮಂತ್ರಾಕ್ಷತೆ, ಮನೆಮನೆಗೆ ಹೋಗುವುದು ಎಲ್ಲ ತನ್ನ ಕಾಲಕ್ಕೆ ಇರಲಿ. ದೂರದವರಿಗೂ ಆ ಹೊತ್ತಿನಲ್ಲಿ ಇನ್ನೊಮ್ಮೆ ಫೋನಿನಲ್ಲಿ ಗೌರವದಿಂದ ಕರೆಯಿರಿ. ಮೊದಲ ಮಾತು ಬರೀ ಸುದ್ದಿ. ಆ ಸುದ್ದಿಯನ್ನೂ ಮನೆಯ ಹಿರಿಯರಿಗೆ ಹೇಳದೆ ಸಿಯಾಟಲ್‌ಗೆ ಹೇಳಬೇಡಿ. ದೊಡ್ಡಪ್ಪನಿಗೆ, ಸೋದರಮಾವನಿಗೆ ಬೆಳಿಗ್ಗೆ ಹೇಳಿ. ಮೊಮ್ಮಕ್ಕಳ ವಾಟ್ಸ್ಯಾಪ್ ಗುಂಪಿಗೆ ಸಂಜೆ ಹಾಕಿ. ಅರ್ಧ ದಿನದ ಅಂತರ ಸಾಕು, ಮುನಿಸಿಗೆ ಜಾಗ ಇರುವುದಿಲ್ಲ.

ಎಷ್ಟು ಬೇಗ ಎಂದರೆ ಎಷ್ಟು? ಒಂದು ವರ್ಷ ಮೊದಲು ಹೇಳುವುದು ನನಗೆ ಅತಿಯೆನಿಸುತ್ತದೆ. ಅಷ್ಟು ಹೊತ್ತು ಯಾರ ನೆನಪಿನಲ್ಲೂ ದಿನ ನಿಲ್ಲುವುದಿಲ್ಲ, ಬರಲೇಬೇಕೆಂಬ ಹೊರೆ ಮಾತ್ರ ಕೇಳಿದವರ ತಲೆಯ ಮೇಲೆ ಕೂರುತ್ತದೆ. ಹೊರದೇಶದವರಿಗೆ ಐದಾರು ತಿಂಗಳು ಬೇಕೇ ಬೇಕು. ಬೆಂಗಳೂರು, ಮುಂಬಯಿ, ಹೈದರಾಬಾದಿನವರಿಗೆ ಕಡೇಪಕ್ಷ ರೈಲಿನ ಬುಕಿಂಗ್ ತೆರೆಯುವುದಕ್ಕಿಂತ ಎರಡು ವಾರ ಮೊದಲು, ಅಂದರೆ ಹೆಚ್ಚುಕಡಿಮೆ ಎಪ್ಪತ್ತೈದು ದಿನ. ಜಿಲ್ಲೆಯೊಳಗಿನವರಿಗೆ ಹಳೆಯ ಮೂರು ವಾರವೇ ಸರಿ. ಮನೆಯಂಗಳದಲ್ಲೇ ಮದುವೆ ಮಾಡುವವರಿಗೆ ಮಂಟಪದ ಮುಂಗಡ ಇಲ್ಲ. ಅವರು ಅಡಿಗೆಯವರನ್ನು ಗೊತ್ತು ಮಾಡಿದ ದಿನವನ್ನು ಹಿಡಿಯಬಹುದು.

ಹೇಳುವುದನ್ನು ಸರಿಯಾಗಿ ಹೇಳಬೇಕು. ಈಗ ಬೆಂಗಳೂರಿನಿಂದ ಬಂದಿರುವ ಫ್ಯಾಷನ್ ಎಂದರೆ ‘ಸೇವ್ ದ ಡೇಟ್’ ವಿಡಿಯೋ. ಕವಲೇದುರ್ಗದ ಕೋಟೆಯ ಮೇಲೆ ಹುಡುಗ ಹುಡುಗಿ ಓಡುತ್ತಾರೆ, ಡ್ರೋನ್ ಸುತ್ತುತ್ತದೆ, ಸಿನಿಮಾ ಹಾಡು ಮುಗಿದು ಕೊನೆಯ ಮೂರು ಸೆಕೆಂಡಿನಲ್ಲಿ ಒಂದು ತಾರೀಖು ಮಿಂಚಿ ಮಾಯವಾಗುತ್ತದೆ. ಊರು ಯಾವುದು? ಮುಹೂರ್ತ ಬೆಳಗಿನದೋ ಗೋಧೂಳಿಯೋ? ಗೊತ್ತಿಲ್ಲ. ಅದರ ಬದಲು ಚಿಕ್ಕಮ್ಮ ತಪ್ಪುತಪ್ಪಾಗಿ ಟೈಪು ಮಾಡಿದ ನಾಲ್ಕು ಸಾಲು ಎಷ್ಟೋ ವಾಸಿ. ದಿನ, ವಾರ, ಹತ್ತಿರದ ರೈಲು ಅಥವಾ ಬಸ್ಸಿನ ನಿಲ್ದಾಣ, ಅಲ್ಲಿಂದ ಗಾಡಿ ಸಿಗುತ್ತದೋ ಇಲ್ಲವೋ, ರಾತ್ರಿ ಉಳಿಯಲು ಎಲ್ಲಿ ಜಾಗ, ನಾಂದಿಯ ದಿನವೂ ಇರಬೇಕೋ ಧಾರೆಗೆ ಬಂದರೆ ಸಾಕೋ, ಇವಿಷ್ಟು ಇದ್ದರೆ ಬರುವವನು ರಜೆಯ ಅರ್ಜಿ ಬರೆಯಬಹುದು. ಉಳಿಯುವ ಜಾಗದ ವಿಷಯ ಮುಚ್ಚಿಡಬಾರದು. ಮೊದಲೆಲ್ಲ ನೆಂಟರು ಅಕ್ಕಪಕ್ಕದ ಮನೆಗಳ ಉಪ್ಪರಿಗೆಯಲ್ಲಿ ಚಾಪೆ ಹಾಸಿ ಮಲಗುತ್ತಿದ್ದರು. ಈಗ ಆ ಮನೆಗಳಲ್ಲಿ ಇರುವ ವಯಸ್ಸಾದವರಿಗೆ ಹಾಸಿಗೆ ಹೊರಲು ಆಗುವುದಿಲ್ಲ. ಹೊಸನಗರದಂಥ ಪೇಟೆಯಲ್ಲಿ ಲಾಡ್ಜುಗಳು ಕಡಿಮೆ. ಸಾಗರದ ಸುತ್ತಿನ ಹೋಮ್‌ಸ್ಟೇಗಳು ರಜೆಯಲ್ಲಿ ಜೋಗದ ಪ್ರವಾಸಿಗರಿಗೇ ಸಾಲುವುದಿಲ್ಲ.

ಈ ವಿವರಗಳನ್ನು ಮೊದಲೇ ಹೇಳುವುದರಲ್ಲಿ ನಮ್ಮವರಲ್ಲೇ ಪಳಗಿದವರು ಯಾರು ಎಂದು ಕೇಳಿದರೆ ನಾನು ತುಮರಿ ಕಡೆಯವರನ್ನು ತೋರಿಸುತ್ತೇನೆ. ಲಿಂಗನಮಕ್ಕಿಯ ನೀರು ನಿಂತ ಮೇಲೆ ಅವರಿಗೂ ಸಾಗರಕ್ಕೂ ನಡುವೆ ಉಳಿದದ್ದು ಲಾಂಚ್. ದಿಬ್ಬಣದ ಬಸ್ಸು ಲಾಂಚ್ ಹತ್ತಬೇಕು, ಸಂಜೆಯ ಕೊನೆಯ ಲಾಂಚ್ ತಪ್ಪಿದರೆ ನೆಂಟರು ಆ ಕಡೆಯೇ ಉಳಿಯಬೇಕು, ಬೇಸಿಗೆಯಲ್ಲಿ ನೀರು ತೀರಾ ಇಳಿದರೆ ವಾಹನ ಸಾಗಿಸುವುದೂ ಅನುಮಾನ. ಅಲ್ಲಿ ಮದುವೆ ಎಂದರೆ ದಿನದ ಜೊತೆಗೆ ದಾರಿಯನ್ನೂ ಗಂಟೆಯನ್ನೂ ಹೇಳದೆ ಗತಿ ಇರಲಿಲ್ಲ. 2025ರ ಜುಲೈ 14ರಂದು ಅಂಬಾರಗೋಡ್ಲು–ಕಳಸವಳ್ಳಿ ನಡುವೆ ಸುಮಾರು ಎರಡೂವರೆ ಕಿಲೋಮೀಟರ್ ಉದ್ದದ ಸೇತುವೆ ಉದ್ಘಾಟನೆಯಾಗಿ ಆ ಕಾಯುವಿಕೆ ಮುಗಿದಿದೆ. ಅಭ್ಯಾಸ ಮಾತ್ರ ಉಳಿಸಿಕೊಳ್ಳುವಂಥದ್ದು. ಗಲ್ಫಿನಲ್ಲಿ ದುಡಿಯುವ ಮಕ್ಕಳಿರುವ ಮುಸ್ಲಿಂ ಮನೆಗಳಲ್ಲೂ ಮೊದಲು ಕೇಳುವ ಪ್ರಶ್ನೆ ರಜೆ ಯಾವಾಗ ಎಂದು, ಆಮೇಲೆ ನಿಕಾಹ್‌ನ ದಿನ.

ನನಗೆ ಅರ್ಥವಾಗದವರು ಮುಹೂರ್ತವನ್ನೇ ಬಿಟ್ಟವರು. ಕುಪ್ಪಳಿಯ ಮಣ್ಣಿನವರಾದ ಕುವೆಂಪು ಮಂತ್ರಮಾಂಗಲ್ಯವನ್ನು ಕೊಟ್ಟದ್ದು ಲಗ್ನ, ಆಡಂಬರ, ಸಾಲ ಇವುಗಳಿಂದ ಮದುವೆಯನ್ನು ಬಿಡಿಸಲು. ರಾಹುಕಾಲ ನೋಡಬೇಕಿಲ್ಲ, ಅಸ್ತ ಅಡ್ಡಿಯಿಲ್ಲ, ಎಲ್ಲರಿಗೂ ರಜೆ ಇರುವ ಭಾನುವಾರವನ್ನು ಆರಿಸಬಹುದು. ಹಾಗಿದ್ದೂ ಅವರಲ್ಲಿ ಎಷ್ಟೋ ಮಂದಿ ಹದಿನೈದು ದಿನ ಇರುವಾಗ “ಸರಳ ಮದುವೆ, ದಯವಿಟ್ಟು ಬನ್ನಿ” ಎಂದು ಸಂದೇಶ ಕಳಿಸುತ್ತಾರೆ. ಕರೆಯುವುದೇ ನೂರು ಜನರನ್ನು ಎಂದ ಮೇಲೆ ಆ ನೂರು ಜನ ಬರಲಾಗುವಂತೆ ನೋಡಿಕೊಳ್ಳುವುದು ಸಾವಿರ ಜನರ ಮದುವೆಗಿಂತ ಹೆಚ್ಚು ಮುಖ್ಯ ಅಲ್ಲವೇ?

ಇನ್ನೊಂದು ಮಾತು ದೂರದ ಊರುಗಳಲ್ಲಿ ಕೂತು ಇದನ್ನು ಓದುತ್ತಿರುವವರಿಗೆ. ಬೇಗ ಹೇಳಿಸಿಕೊಂಡವರಿಗೆ ಬೇಗ ಉತ್ತರ ಕೊಡುವ ಋಣ ಇದೆ. ನವೆಂಬರಿನಲ್ಲಿ ದಿನ ತಿಳಿಸಿದ ಅತ್ತಿಗೆಗೆ ಒಂದು ಹೆಬ್ಬೆಟ್ಟಿನ ಚಿತ್ರ ಒತ್ತಿ, ಏಪ್ರಿಲ್ ಕೊನೆಯವರೆಗೂ “ನೋಡಣ ಮಾರಾಯ್ತಿ, ಟ್ರೈ ಮಾಡ್ತೀವಿ” ಎಂದು ಎಳೆದರೆ ಅವರು ಬೇಗ ಹೇಳಿದ್ದು ದಂಡ. ಅಡಿಗೆಯವರು ವಾರ ಮೊದಲು ಕೇಳುವುದು ಒಂದೇ ಪ್ರಶ್ನೆ: ಎಷ್ಟು ಎಲೆ? ಬರುತ್ತೇವೆ ಎಂದವರು ಬಾರದೆ ಉಳಿದರೆ ಅನ್ನ ಚೆಲ್ಲಬೇಕು, ಬರುವುದಿಲ್ಲ ಎಂದವರು ಸಂಸಾರ ಸಮೇತ ಇಳಿದರೆ ಎರಡನೇ ಪಂಕ್ತಿಗೆ ಪಾಯಸ ಇರುವುದಿಲ್ಲ. ಮಲೆನಾಡಿನವರಿಗೆ ಇಲ್ಲ ಎನ್ನಲು ನಾಲಿಗೆ ಏಳುವುದಿಲ್ಲ, ಅದು ನಮ್ಮ ದಾಕ್ಷಿಣ್ಯ. ಈ ಒಂದು ವಿಷಯದಲ್ಲಿ ದಾಕ್ಷಿಣ್ಯ ಬಿಡಿ. ದಿನ ತಿಳಿದ ಹದಿನೈದು ದಿನದೊಳಗೆ ಬರುತ್ತೇವೆ ಎಂದೋ ಆಗುವುದಿಲ್ಲ ಎಂದೋ ಹೇಳಿಬಿಡಿ, ಎಷ್ಟು ಜನ ಎಂಬುದನ್ನೂ ಸೇರಿಸಿ. ಈಗಾಗಲೇ ಮಂಟಪಕ್ಕೆ ಮುಂಗಡ ಕೊಟ್ಟು ಕೂತಿರುವ ಮನೆಯವರು ದಯವಿಟ್ಟು ಕಾರ್ಡಿನ ಡಿಸೈನಿಗಾಗಿ ಕಾಯಬೇಡಿ. ಈ ವಾರವೇ ಫೋನ್ ಮಾಡಿ.